ಚನ್ನಬಸವಣ್ಣನ ಎದೆಯೂ ವರ್ಜೀನಿಯಾ ಸೊಪ್ಪೂ

ಹನಗೋಡಿನ ಚನ್ನಬಸವಣ್ಣನಿಗೆ ಬುದ್ಧಿ ಇರಲಿಲ್ಲವೆಂದು ಯಾರೂ ಹೇಳುವಂತಿರಲಿಲ್ಲ. ಧಾರಾಳವಾಗಿಯೇ ಇತ್ತು. ಆದರೆ ಅದನ್ನು ಅವನು ಮದುವೆಯ ರೇಷ್ಮೆ ಪಂಚೆಯಂತೆ ಮಡಿಸಿ ಟ್ರಂಕಿನ ತಳದಲ್ಲಿಟ್ಟಿದ್ದ. ದಿನಬಳಕೆಗೆ ಎದೆಯನ್ನೇ ಇಟ್ಟುಕೊಂಡಿದ್ದ.

ಎತ್ತು ಕೊಳ್ಳುವವರು ಹಲ್ಲು ನೋಡುತ್ತಾರೆ, ಸುಳಿ ನೋಡುತ್ತಾರೆ. ಚನ್ನಬಸವಣ್ಣ ಎತ್ತಿನ ಎದುರು ನಿಂತು, ಕಣ್ಣು ಮುಚ್ಚಿ, ಬಲಗೈಯನ್ನು ತನ್ನ ಎದೆಯ ಮೇಲೆ ಇಟ್ಟುಕೊಳ್ಳುತ್ತಿದ್ದ. ಮಾರುವವನೂ ದಲ್ಲಾಳಿಯೂ ಎತ್ತೂ ಸುಮ್ಮನೆ ಕಾಯಬೇಕಾಗಿತ್ತು. ಕೊನೆಗೆ ಕಣ್ಣು ತೆರೆದು, "ಎದೆ ಹೂಂ ಅಂತು" ಎಂದರೆ ಹೂಂ, "ಊಹೂಂ ಅಂತು" ಎಂದರೆ ಊಹೂಂ. ಮೇಲ್ಮನವಿಗೆ ಅವಕಾಶವಿರಲಿಲ್ಲ.

ಇದಕ್ಕೆ ಅವನ ಬಳಿ ಎರಡು ಸಾಕ್ಷಿಗಳಿದ್ದವು. ಮೊದಲನೆಯದು ಬಸ್ಸು. ಹನ್ನೊಂದು ವರ್ಷದ ಹಿಂದೆ ಹುಣಸೂರಿಗೆ ಹೊರಟವನು ಬಸ್ಸಿನ ಮೆಟ್ಟಿಲ ಮೇಲೆ ಒಂದು ಕಾಲಿಟ್ಟು, ಎದೆ ಬೇಡವೆಂದಿತೆಂದು ಕೆಳಗಿಳಿದಿದ್ದ. ಆ ಬಸ್ಸು ಅರ್ಧ ದಾರಿಯಲ್ಲಿ ಪಂಕ್ಚರ್ ಆಗಿ ಮುಕ್ಕಾಲು ಗಂಟೆ ನಿಂತಿತು. ಮುಂದಿನ ಬಸ್ಸು ಬಂದದ್ದೇ ಎರಡು ಗಂಟೆ ಬಿಟ್ಟು. ಆದ್ದರಿಂದ ಪಂಕ್ಚರಾದ ಬಸ್ಸಿನವರು ಹುಣಸೂರಿನಲ್ಲಿ ಕೆಲಸ ಮುಗಿಸಿ ವಾಪಸು ಬರುವಾಗ ಚನ್ನಬಸವಣ್ಣ ಎದುರಿಗೆ ಸಿಕ್ಕಿದ್ದು ನಿಜ. ಆದರೆ ಶಾಸ್ತ್ರಕ್ಕೆ ಬೇಕಾದ್ದು ಸಾಕ್ಷಿ, ಗಡಿಯಾರವಲ್ಲ.

ಎರಡನೆಯ ಸಾಕ್ಷಿ ಅವನ ಹೆಂಡತಿ ಸುನಂದಮ್ಮ. ಯಾರದೇ ಮದುವೆಗೆ ಹೋಗಲಿ, ಎಲೆಯ ಮುಂದೆ ಕೂತು ಪಾಯಸ ಬರುವ ಹೊತ್ತಿಗೆ ಸರಿಯಾಗಿ ಚನ್ನಬಸವಣ್ಣ ಶುರು ಮಾಡುತ್ತಿದ್ದ:

"ಪಿರಿಯಾಪಟ್ಟಣದ ತಾವ ಇವ್ಳ ನೋಡಕ್ಕೆ ಓಗಿದ್ದೆ. ಶ್ರಾವಣ. ಇವ್ಳು ಉಪ್ಪಿಟ್ಟಿನ ತಟ್ಟೆ ಹಿಡ್ಕಂಡು ಬಾಗ್ಲಲ್ಲಿ ನಿಂತ್ಲು ನೋಡು, ಎದೆ ಡವಡವಡವ! ಮೈಯೆಲ್ಲ ನೀರು. ತಲೆ ಗಿರ್ ಅಂತು. ಆಗ್ಲೇ ಅಂದ್ಕಂಡೆ, ಇವ್ಳೇ ಅಂತ!"

ಸುನಂದಮ್ಮ ಹೆಂಗಸರ ಸಾಲಿನಿಂದ, "ಸಾಕು ಬುಡಿ, ವಯಸ್ಸಾಯ್ತು" ಎನ್ನುತ್ತಿದ್ದಳು. ಆದರೆ ಒಮ್ಮೆ ಹುಣಸೂರಿನ ಮದುವೆಯೊಂದರಲ್ಲಿ ಅವನು ಈ ಕಥೆ ಹೇಳುವುದನ್ನು ಮರೆತಾಗ, ದಾರಿಯುದ್ದಕ್ಕೂ ಮಾತಾಡದೆ ಬಂದು, ಮನೆಯ ಬಾಗಿಲಲ್ಲಿ, "ಇವತ್ತು ಅದ ಯೋಳ್ಲೇ ಇಲ್ಲ ನೀವು" ಎಂದಿದ್ದಳು.

ಹೀಗೆ ಸುಖವಾಗಿದ್ದ ಎದೆಗೆ ತೊಂಬತ್ತೊಂಬತ್ತನೆಯ ಇಸವಿಯ ಆಷಾಢದಲ್ಲಿ ವಿಜ್ಞಾನದ ಬೆಂಬಲವೂ ಸಿಕ್ಕಿತು. ಬೆಂಬಲ ಬಂದದ್ದು ಬಸ್‌ಸ್ಟ್ಯಾಂಡಿನ ಎದುರಿನ ಚಿಕ್ಕಬಸಪ್ಪನ ಹೋಟೆಲಿನಿಂದ, ಆಲೂಗೆಡ್ಡೆ ಬೋಂಡದ ಸುತ್ತ. ಬೋಂಡ ತಿಂದು ಕೈ ಒರೆಸಿಕೊಳ್ಳಲು ಹೋದ ಚನ್ನಬಸವಣ್ಣ ಹಳೇ ಪೇಪರಿನ ತುಂಡಿನ ಮೇಲೆ ಕಣ್ಣಾಡಿಸಿ ಹಾಗೇ ನಿಂತ. ಎಣ್ಣೆಯಲ್ಲಿ ಅಕ್ಷರಗಳು ಕನ್ನಡಿಯಂತೆ ಹೊಳೆಯುತ್ತಿದ್ದವು:

'ನಿರ್ಧಾರ ಕೈಗೊಳ್ಳುವ ಮುನ್ನವೇ ಮನುಷ್ಯನ ದೇಹ ಸೂಚನೆ ಕೊಟ್ಟಿರುತ್ತದೆ ಎನ್ನುತ್ತಾರೆ ತಜ್ಞರು. ಎದೆಬಡಿತ, ಬೆವರು, ಹೊಟ್ಟೆಯ ತಳಮಳ ಇವು ಬುದ್ಧಿಗಿಂತ ಮೊದಲೇ ಅಪಾಯವನ್ನು ಗುರುತಿಸಬಲ್ಲವು. ಆದರೆ'

ಅಲ್ಲಿಗೆ ಪೇಪರು ಹರಿದಿತ್ತು.

"ನೋಡ್ಲಾ ಚಿಕ್ಕಬಸಪ್ಪ! ನಾ ಮೂವತ್ತು ವರ್ಷದಿಂದ ಯೋಳ್ತಾ ಇದ್ದದ್ದ ಇವರು ಈಗ ಕಂಡುಹಿಡಿದವ್ರೆ!"

ಚಿಕ್ಕಬಸಪ್ಪ ಬಾಣಲೆಯಿಂದ ತಲೆ ಎತ್ತಿ ಓದಿದ. "ಕೊನೇಲಿ 'ಆದರೆ' ಅಂತ ಅದಲ್ಲಣ್ಣ. ಆದರೆ ಏನು?"

"ಅದು ಮುಖ್ಯ ಅಲ್ಲ ಬುಡು."

"ಅಂಗಲ್ಲಣ್ಣ. ನಮ್ಮ ಸೊಸೆ ಮಾತಲ್ಲೂ 'ಆದರೆ' ಬರೋ ಗಂಟ ನಾನು ಒಳ್ಳೇವ್ನೇ. 'ಆದರೆ' ಬಂದ್ಮೇಲೇ ಅಸಲು ಗೊತ್ತಾಗೋದು."

'ಆದರೆ'ಯ ಮುಂದಿನ ಭಾಗ ಯಾವ ಗಿರಾಕಿಯ ಬೋಂಡದ ಜೊತೆ ಯಾವ ಊರಿಗೆ ಹೋಯಿತೋ ತಿಳಿಯಲಿಲ್ಲ. ಚನ್ನಬಸವಣ್ಣ ತನ್ನ ಪಾಲಿನ ವಿಜ್ಞಾನವನ್ನು ಒಣಗಿಸಿ, ಮಡಿಸಿ, ಅಂಗಿಯ ಎಡಜೇಬಿನಲ್ಲಿ, ಸರಿಯಾಗಿ ಎದೆಯ ಮೇಲೆ ಇಟ್ಟುಕೊಂಡ.

ಆ ವರ್ಷ ಇನ್ನೊಂದು ಸಂಗತಿ ನಡೆಯಿತು. ಹೊಗೆಸೊಪ್ಪು ಮುರಿಯಲು ಆಳುಗಳೇ ಸಿಗಲಿಲ್ಲ. ಅರ್ಧ ಊರು ಕೊಡಗಿನ ತೋಟಗಳಿಗೆ ಹೋಗಿತ್ತು. ಗಿಡದಲ್ಲಿ ಎಲೆ ಬಲಿತ ಮೇಲೆ ಮುರಿದು, ಕಡ್ಡಿಗೆ ಕಟ್ಟಿ, ಬ್ಯಾರನ್ ಎಂಬ ಬಿಸಿಗಾಳಿ ಮನೆಯಲ್ಲಿ ನೇತುಹಾಕಿ ಬೇಯಿಸಲೇಬೇಕು. ಅದು ಯಾರ ಮುಲಾಜನ್ನೂ ನೋಡುವುದಿಲ್ಲ. ಇಪ್ಪತ್ತೈದು ವರ್ಷದಿಂದ ವರ್ಜೀನಿಯಾ ಬೆಳೆಯುತ್ತಿದ್ದ ಚನ್ನಬಸವಣ್ಣ ಅಷ್ಟೂ ವರ್ಷ ಬದುವಿನ ಮೇಲೆ ಕೊಡೆ ಹಿಡಿದು ನಿಂತು ಬೆಳೆದವನು. ಈಗ ಕೊಡೆ ಮಡಿಸಿ ಹೊಲಕ್ಕಿಳಿದ. ಸೋನೆ ಮಳೆಯಲ್ಲಿ ಎಲೆ ಮುರಿದು ಕಂಕುಳಲ್ಲಿ ಕಂತೆ ಅವುಚಿಕೊಂಡು ಓಡಾಡಿದ. ಅಂಗಿ ತೊಯ್ದು ಮೈಗಂಟಿತು, ಕೈಗೆ ಅಂಟು ಮೆತ್ತಿ ಕಪ್ಪಾಯಿತು. ಎರಡು ಗಂಟೆ ದುಡಿಯುವಷ್ಟರಲ್ಲಿ ಬದುವಿನ ಮೇಲೆ ಕುಸಿದು ಕೂತ.

ಪಕ್ಕದ ಸಾಲಿನಲ್ಲಿ ಸೊಪ್ಪು ಮುರಿಯುತ್ತಿದ್ದ ಮುದುಕಿ ಚಿಕ್ಕಬೀರಮ್ಮ ಸೊಂಟದ ಮೇಲೆ ಕೈಯಿಟ್ಟು ನೋಡಿದಳು.

"ಅಣ್ಣೋ, ಸೊಪ್ಪಿನ ನಂಜು ಅತ್ಕಂಡದೆ ನಿನಗೆ. ಒಸಬ್ರಿಗೆ ಅಂಗೇಯ. ಒದ್ದೆ ಎಲೆ ಮೈಗೆ ತಾಕುದ್ರೆ ಒಟ್ಟೆ ತೊಳಸ್ತದೆ, ಎದೆ ಒಡ್ಕತದೆ. ಮಜ್ಜಿಗೆ ಕುಡ್ದು ಮಲಿಕೋ ಓಗು."

ಚನ್ನಬಸವಣ್ಣನಿಗೆ ಹೊಟ್ಟೆ ತೊಳಸಿದ್ದಕ್ಕಿಂತ ಹೆಚ್ಚು ಸಂಕಟವಾದದ್ದು 'ಹೊಸಬ' ಎಂಬ ಮಾತಿಗೆ. "ಯಾರಿಗೆ ಹೊಸಬ ಅಂತೀಯ? ಇಪ್ಪತ್ತೈದು ವರ್ಷದಿಂದ ಹೊಗೆಸೊಪ್ಪು ಬೆಳೀತಾ ಇವ್ನಿ!"

"ಬೆಳ್ದಿರೋದು ನೀನು. ಮುಟ್ಟಿರೋದು ನಾವು" ಎಂದು ಚಿಕ್ಕಬೀರಮ್ಮ ಮುಂದಿನ ಗಿಡಕ್ಕೆ ಹೋದಳು.

ಆಕೆ ಓದಿದವಳಲ್ಲ. ಅವಳ ಮಾತು ಪೇಪರಿನಲ್ಲಿ ಬಂದಿರಲಿಲ್ಲ. ಆದ್ದರಿಂದ ಅದನ್ನು ಅಲ್ಲೇ ಬಿಡಲಾಯಿತು.

ಇಲ್ಲಿಗೆ ಆಷಾಢ ಮುಗಿದು ಶ್ರಾವಣ ಬಂತು. ಸೊಪ್ಪು ಮುರಿಯುವ ಕಾಲವೂ ಹೆಣ್ಣು ನೋಡುವ ಕಾಲವೂ ಒಟ್ಟಿಗೇ ಬರುವುದು ಆ ಸೀಮೆಯ ಪದ್ಧತಿ. ಚನ್ನಬಸವಣ್ಣನ ಮಗಳು ರೂಪಶ್ರೀಗೆ ಇಪ್ಪತ್ತಮೂರು. ಹುಣಸೂರಿನ ಒಂದು ಖಾಸಗಿ ಶಾಲೆಯಲ್ಲಿ ಟೀಚರು. ಸುನಂದಮ್ಮನ ಅಣ್ಣ ಮಹದೇವಪ್ಪ ತಂಗಿಯ ಮಗಳಿಗೆ ಗಂಡು ಹುಡುಕುವ ಕೆಲಸವನ್ನು ಮೈಮೇಲೆ ಹಾಕಿಕೊಂಡು ಮೊದಲನೆಯವನನ್ನು ಕೆ.ಆರ್. ನಗರದಿಂದ ಕರೆತಂದ. ಸೋಮವಾರ, ಬೆಳಿಗ್ಗೆ ಹತ್ತೂವರೆ.

ಚನ್ನಬಸವಣ್ಣ ಆರು ಗಂಟೆಗೇ ಹೊಲಕ್ಕೆ ಹೋಗಿದ್ದವನು ಹತ್ತಕ್ಕೆ ಓಡಿಬಂದು, ಮುಖ ತೊಳೆದು, ವಿಭೂತಿ ಹಚ್ಚಿ, ಇಸ್ತ್ರಿ ಅಂಗಿ ತೊಟ್ಟು ಕೂತ. ಹುಡುಗ ಎದುರಿಗೆ ಕೂತ. ಚೆನ್ನಾಗಿಯೇ ಇದ್ದ. ಹುಡುಗನ ತಂದೆ, "ನಮ್ಮೋನು ಗೊಬ್ಬರದ ಅಂಗಡಿ ಮಡಗವ್ನೆ" ಎನ್ನುತ್ತಿದ್ದಂತೆ ಚನ್ನಬಸವಣ್ಣನ ಎದೆ ಡವಗುಟ್ಟತೊಡಗಿತು. ಹಣೆಯ ವಿಭೂತಿ ಬೆವರಿನಲ್ಲಿ ಕರಗಿ ಮೂಗಿನ ಮೇಲೆ ಇಳಿಯಿತು. ಹೊಟ್ಟೆ ಒಂದು ಸುತ್ತು ತಿರುಗಿತು. ಅವನು ಜೇಬು ಮುಟ್ಟಿ ನೋಡಿಕೊಂಡ. ಎದೆಬಡಿತ, ಬೆವರು, ತಳಮಳ. ಮೂರಕ್ಕೆ ಮೂರು!

ಎದ್ದು ನಿಂತು ಕೈ ಮುಗಿದ. "ಕ್ಷಮಿಸ್ಬೇಕು. ನಮ್ಮ ಎದೆ ಒಪ್ತಾ ಇಲ್ಲ."

"ಏನಂದ್ರಿ?"

"ನಿಮ್ಮ ಹುಡುಗನ್ನ ನೋಡ್ತಿದ್ದಂಗೆ ಹೊಟ್ಟೆ ತೊಳಸ್ತು. ತಪ್ಪು ತಿಳ್ಕಬ್ಯಾಡಿ. ಇದು ವಿಜ್ಞಾನ."

ತಪ್ಪು ತಿಳಿದುಕೊಳ್ಳದೆ ಇರಲು ಕೆ.ಆರ್. ನಗರದವರು ಋಷಿಗಳಾಗಿರಲಿಲ್ಲ. ಕೇಸರಿಬಾತನ್ನು ಅರ್ಧಕ್ಕೇ ಬಿಟ್ಟು ಎದ್ದರು. ವಾರದೊಳಗೆ, ಆ ಹುಡುಗನ ಮುಖ ನೋಡಿದರೆ ವಾಂತಿ ಬರುತ್ತದಂತೆ ಎಂಬ ಸುದ್ದಿ ಸಾಲಿಗ್ರಾಮದವರೆಗೂ ಹೋಯಿತು. ಪಾಪ, ಅವನ ತಾಯಿ ಮೂರು ದಿನ ಮಗನ ಮುಖವನ್ನು ಬೆಳಿಗ್ಗೆ, ಮಧ್ಯಾಹ್ನ, ಸಂಜೆ ಬೇರೆ ಬೇರೆ ಬೆಳಕಿನಲ್ಲಿ ನಿಲ್ಲಿಸಿ ನೋಡಿದಳಂತೆ.

ಎರಡನೆಯ ಗಂಡು ಎಚ್.ಡಿ. ಕೋಟೆಯವನು. ಅದೇ ಹತ್ತೂವರೆ, ಅದೇ ಕೇಸರಿಬಾತು. ಈ ಸಲ ಚನ್ನಬಸವಣ್ಣ ಮಾತಾಡಲೂ ಆಗದೆ ಬಾಯಿಗೆ ಟವೆಲು ಒತ್ತಿಕೊಂಡು ಹಿತ್ತಲಿಗೆ ಓಡಿದ. ಒಳಗೆ ಕೂತವರಿಗೆ ಸದ್ದಷ್ಟೇ ಕೇಳಿಸಿತು.

"ಬಾವ ಏನಂದ್ರು?" ಎಂದ ಮಹದೇವಪ್ಪ ಮೆಲ್ಲಗೆ.

"ಕೇಳಿಸ್ಲಿಲ್ವಾ ಅಣ್ಣ" ಎಂದಳು ಸುನಂದಮ್ಮ.

ಹತ್ತು ದಿನ ಬಿಟ್ಟು ಮಳೆಗೆ ಕೋಟೆಯವರ ಕಾಂಪೌಂಡು ಗೋಡೆ ಬಿತ್ತು. ಬಿದ್ದದ್ದು ನಾಲ್ಕಡಿ ಗೋಡೆ, ಸತ್ತದ್ದು ಒಂದು ಕೋಳಿ. ಆದರೆ ಹನಗೋಡಿಗೆ ಸುದ್ದಿ ಬರುವಷ್ಟರಲ್ಲಿ ಗೋಡೆ ಮನೆಯಾಗಿತ್ತು. "ಚನ್ನಬಸಣ್ಣನ ಎದೆಗೆ ಹತ್ತು ದಿನ ಮುಂಚೆಯೇ ಗೊತ್ತಿತ್ತಂತೆ ಕಣ್ಲಾ!"

ಅಲ್ಲಿಂದ ಮುಂದೆ ಜಗುಲಿಯ ಮೇಲೆ ಜನ ಸೇರತೊಡಗಿದರು. ಹಸು ಮಾರಬೇಕೋ ಬೇಡವೋ, ಮಗನನ್ನು ಪಿರಿಯಾಪಟ್ಟಣದ ಹಾಸ್ಟೆಲ್ಲಿಗೆ ಹಾಕಬೇಕೋ ಬೇಡವೋ. ಚನ್ನಬಸವಣ್ಣ ಯಾರನ್ನೂ ನಿರಾಶೆಗೊಳಿಸಲಿಲ್ಲ. ಮನೆ ಭಾಗ ಮಾಡಿಕೊಳ್ಳುವ ಬಗ್ಗೆ ಜಗಳವಾಡುತ್ತಿದ್ದ ಅಣ್ಣತಮ್ಮಂದಿರಲ್ಲಿ ಅಣ್ಣ ಬೆಳಿಗ್ಗೆ ಬಂದು ಊಹೂಂ ಪಡೆದುಕೊಂಡು ಹೋದ. ತಮ್ಮ ಸಂಜೆ ಬಂದು ಹೂಂ ಪಡೆದುಕೊಂಡು ಹೋದ. ಇಬ್ಬರೂ ಒಟ್ಟಿಗೆ ವಾಪಸು ಬಂದು, "ಇದೇನಣ್ಣ ಹಿಂಗೆ?" ಎಂದಾಗ ಚನ್ನಬಸವಣ್ಣ ಗಂಭೀರವಾಗಿ, "ಬೆಳಗಿನ ಕಾಲ ಬೇರೆ, ಸಂಜೆ ಕಾಲ ಬೇರೆ ಕಣ್ರಪ್ಪ" ಎಂದ. ಅವರಿಬ್ಬರೂ ತಲೆದೂಗಿ ಒಂದೇ ಮನೆಗೆ ಹೋದರು.

ಈ ಗುಟ್ಟನ್ನು ಮೊದಲು ಹಿಡಿದವನು ಚಿಕ್ಕಬಸಪ್ಪ. ಕಾರಣ ಅವನಿಗೆ ಗೊತ್ತಿರಲಿಲ್ಲ. ಹೋಟೆಲಿನವನಿಗೆ ಕಾರಣ ಬೇಕಿಲ್ಲ, ಯಾವ ಹೊತ್ತಿಗೆ ಏನು ಬೇಯುತ್ತದೆ ಎಂದು ಗೊತ್ತಿದ್ದರೆ ಸಾಕು. ಟೀ ಕುಡಿಯಲು ಬಂದವರಿಗೆಲ್ಲ ಹೇಳಿದ: "ಹೂಂ ಬೇಕಾದೋರು ಸಂಜೆ ಆರಕ್ಕೆ ಓಗಿ. ಊಹೂಂ ಬೇಕಾದೋರು ಬೆಳಿಗ್ಗೆ ಹತ್ತಕ್ಕೆ ಓಗಿ. ಏನೂ ಬ್ಯಾಡ ಅನ್ನೋರು ಇಲ್ಲೇ ಕೂತು ಬೋಂಡ ತಿನ್ನಿ."

ಈ ಮಾತು ಬಸ್ಸು ಕಾಯುತ್ತಿದ್ದ ರೂಪಶ್ರೀಯ ಕಿವಿಗೂ ಬಿತ್ತು. ಅವಳು ಆ ದಿನ ಶಾಲೆಗೆ ರಜೆ ಹಾಕಿ ನೇರ ತಾಯಿಯ ಹತ್ತಿರ ಹೋದಳು.

ವಿಷಯ ಇಷ್ಟೆ. ಅವಳು ದಿನಾ ಹುಣಸೂರಿಗೆ ಹೋಗುತ್ತಿದ್ದ ಎಂಟೂಕಾಲರ ಸರ್ಕಾರಿ ಬಸ್ಸಿನ ಕಂಡಕ್ಟರ್ ಉಮಾಶಂಕರ. ಪಿರಿಯಾಪಟ್ಟಣದಾಚೆಯ ಕೊಪ್ಪದವನು, ಅವರದೇ ಜನ. ಪಾಸು ನೋಡಲು ಕಂಡಕ್ಟರಿಗೆ ಒಂದು ಗಳಿಗೆ ಸಾಕು. ರೂಪಶ್ರೀಯ ಪಾಸು ನೋಡಲು ಉಮಾಶಂಕರನಿಗೆ ಒಂದೂವರೆ ವರ್ಷದಿಂದ ಎರಡು ಸ್ಟಾಪು ಬೇಕಾಗುತ್ತಿತ್ತು. ಅಪ್ಪನಿಗೊಬ್ಬನಿಗೆ ಬಿಟ್ಟು ಬಸ್ಸಿನಲ್ಲಿ ಎಲ್ಲರಿಗೂ ಗೊತ್ತಿತ್ತು.

"ಅವ್ವ, ಅವರನ್ನೂ ಬೆಳಿಗ್ಗೆ ಹತ್ತಕ್ಕೆ ಕರೆಸಿದ್ರೆ ಅಪ್ಪ ಹಿತ್ಲಿಗೇ ಓಡೋದು. ಆಮೇಲೆ ನಾನು ಯಾವ ಬಸ್ಸಿಗೆ ಓಗ್ಲಿ?"

ಸುನಂದಮ್ಮ ಅಣ್ಣನನ್ನು ಕರೆಸಿದಳು. ಮಹದೇವಪ್ಪ ತಲೆ ಚಚ್ಚಿಕೊಂಡ. "ಸಂಜೆ ಆರಕ್ಕೆ ಹೆಣ್ಣು ನೋಡೋದು ಯಾವೂರ ಶಾಸ್ತ್ರನವ್ವ?"

"ಹುಡುಗಂಗೆ ಬೆಳಿಗ್ಗೆ ಡ್ಯೂಟಿ ಅಂತ ಯೋಳಣ್ಣ. ಸರ್ಕಾರದ ಶಾಸ್ತ್ರ."

ಸರ್ಕಾರದ ಮಾತಿಗೆ ಚನ್ನಬಸವಣ್ಣ ಎದುರಾಡಲಿಲ್ಲ. ಬುಧವಾರ ಸಂಜೆ ಆರು ಎಂದು ಗೊತ್ತಾಯಿತು. ಎಲ್ಲವೂ ಸರಿಯಾಗಿಯೇ ಇರುತ್ತಿತ್ತು, ಬುಧವಾರ ಬೆಳಿಗ್ಗೆ ಸೊಪ್ಪು ಕಟ್ಟಲು ಬರಬೇಕಾಗಿದ್ದ ನಾಲ್ಕು ಜನರೂ ತಿಥಿಯೊಂದಕ್ಕೆ ಹೋಗದಿದ್ದರೆ. ಬ್ಯಾರನ್ ಅವತ್ತೇ ತುಂಬಬೇಕು. ಚನ್ನಬಸವಣ್ಣ ಬೆಳಿಗ್ಗೆ ಏಳರಿಂದ ಸಂಜೆ ಐದೂವರೆಯವರೆಗೆ, ಊಟಕ್ಕೆ ಅರ್ಧ ಗಂಟೆ ಬಿಟ್ಟು, ಒದ್ದೆ ಸೊಪ್ಪನ್ನು ತಬ್ಬಿಕೊಂಡೇ ಇದ್ದ. ಮನೆಗೆ ಬಂದಾಗ ಅವನ ಬಣ್ಣವೂ ಸೊಪ್ಪಿನ ಬಣ್ಣವೂ ಒಂದೇ ಆಗಿತ್ತು.

"ರೀ, ಮಜ್ಜಿಗೆ ಕೊಡ್ಲಾ?" ಎಂದಳು ಸುನಂದಮ್ಮ ಗಾಬರಿಯಿಂದ.

"ಏನೂ ಬ್ಯಾಡ. ಎದೆ ಏನೋ ಯೋಳ್ತಾ ಅದೆ. ಕೇಳಿಸ್ಕತಾ ಇವ್ನಿ."

ಸರಿಯಾಗಿ ಆರಕ್ಕೆ ಬಾಡಿಗೆ ವ್ಯಾನು ಬಂತು. ಉಮಾಶಂಕರ, ಅವನ ತಾಯಿ ತಂದೆ, ಜೊತೆಗೆ ಮಹದೇವಪ್ಪ. ಹುಡುಗ ಹೊಸ ಪ್ಯಾಂಟು ತೊಟ್ಟು ಚಾಪೆಯ ಮೇಲೆ ಕೂತ. ರೂಪಶ್ರೀ ಕಾಫಿ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತು ಅಪ್ಪನ ಮುಖವನ್ನೇ ನೋಡಿದಳು. ಪರೀಕ್ಷೆಯ ಫಲಿತಾಂಶದ ಹಲಗೆಯನ್ನು ಮಕ್ಕಳು ನೋಡುವುದು ಹಾಗೆ. ಹಲಗೆಯ ಮೇಲೆ ಬೆವರು ಮೂಡುತ್ತಿತ್ತು.

ಚನ್ನಬಸವಣ್ಣ ಗೋಡೆ ಹಿಡಿದು ಎದ್ದ. ಒಂದು ಕೈ ಎದೆಯ ಮೇಲೆ. "ಕ್ಷಮಿಸ್ಬೇಕು. ನಮ್ಮ ಎದೆ..."

ವಾಕ್ಯ ಮುಗಿಯಲಿಲ್ಲ. ಆತ ಬಾಳೆಗೊನೆ ಬಾಗಿದಂತೆ ಬಾಗಿ ನೇರವಾಗಿ ಕಂಡಕ್ಟರನ ಮಡಿಲಿಗೆ ಬಿದ್ದ.

"ಹಾರ್ಟು!" ಎಂದು ಮಹದೇವಪ್ಪ ಕೂಗಿದ. ಪಕ್ಕದ ಮನೆಯವರು ಗೋಡೆ ಹಾರಿ ಬಂದರು. ಹುಡುಗನ ತಾಯಿ ಎದೆ ಬಡಿದುಕೊಂಡಳು: "ಕೆ.ಆರ್. ನಗರದೋನ ನೋಡಿ ಬರೀ ವಾಂತಿ ಆಗಿತ್ತಂತಲ್ಲಪ್ಪ! ನನ್ನ ಮಗನ ನೋಡಿ ಜೀವನೇ ಓಯ್ತಲ್ಲ!"

ಗಾಬರಿಯಾಗದವನು ಒಬ್ಬನೇ. "ಎಲ್ರೂ ಸ್ವಲ್ಪ ಹಿಂದಕ್ಕೆ ಸರೀರಿ, ಗಾಳಿ ಬುಡಿ!" ಎಂದ ಉಮಾಶಂಕರ, ಎಂಟೂಕಾಲರ ಬಸ್ಸಿನಲ್ಲಿ ಹೇಳುವ ಅದೇ ದನಿಯಲ್ಲಿ. ಜನ ಅಭ್ಯಾಸಬಲದಿಂದ ಹಿಂದಕ್ಕೆ ಸರಿದರು. ಚನ್ನಬಸವಣ್ಣನನ್ನು ಎತ್ತಿ ವ್ಯಾನಿನ ಕಿಟಕಿ ಪಕ್ಕ ಕೂರಿಸಿ, ತಾನು ಪಕ್ಕದಲ್ಲಿ ಕೂತು, ಮನೆಯವರೆಲ್ಲ ಹಿಂದಿನ ಸೀಟುಗಳಿಗೆ ಹತ್ತಿದ ಮೇಲೆ ಬಾಗಿಲು ತಟ್ಟಿದ. "ರೈಟ್!"

ಹನಗೋಡು ದಾಟುವ ಮೊದಲೇ ಚನ್ನಬಸವಣ್ಣನ ಹೊಟ್ಟೆಯಲ್ಲಿದ್ದದ್ದೆಲ್ಲ ಹೊರಬಂತು. ಕಿಟಕಿ ಎಡಗಡೆಯಿತ್ತು, ಅವನು ಬಲಕ್ಕೆ ತಿರುಗಿದ. ಬಲಕ್ಕಿದ್ದದ್ದು ಹೊಸ ಪ್ಯಾಂಟು.

"ಅಯ್ಯೋ, ನಿನ್ನ ಪ್ಯಾಂಟು!" ಎಂದಳು ಹಿಂದಿನ ಸೀಟಿನಿಂದ ತಾಯಿ.

"ಪ್ಯಾಂಟು ತೊಳುದ್ರೆ ಓಯ್ತದೆ ಬುಡವ್ವ" ಎಂದ ಉಮಾಶಂಕರ, ಚನ್ನಬಸವಣ್ಣನ ಹಣೆಯನ್ನು ಅಂಗೈಯಲ್ಲಿ ಹಿಡಿದು. "ನೀವು ಮಾಡಿ ಸಾರ್, ನಾಚ್ಕಬ್ಯಾಡಿ. ಎರಡು ವರ್ಷ ಮಡಿಕೇರಿ ರೂಟಲ್ಲಿ ಡ್ಯೂಟಿ ಮಾಡಿವ್ನಿ. ಆ ತಿರುವುಗಳಲ್ಲಿ ದಿನಕ್ಕೆ ಹತ್ತು ಜನದ ತಲೆ ಹಿಡೀತಿದ್ದೆ." ಜೇಬಿನಿಂದ ನಿಂಬೆಹಣ್ಣು ತೆಗೆದು ಮೂಗಿನ ಹತ್ತಿರ ಹಿಡಿದ. "ಮೂಸ್ಕಳಿ ಮಾವ."

'ಸಾರ್' ಯಾವ ಸ್ಟಾಪಿನಲ್ಲಿ ಇಳಿದು 'ಮಾವ' ಯಾವ ಸ್ಟಾಪಿನಲ್ಲಿ ಹತ್ತಿದನೆಂದು ಯಾರೂ ಕೇಳಲಿಲ್ಲ. ಕಣ್ಣು ಮುಚ್ಚಿದ್ದ ಚನ್ನಬಸವಣ್ಣನಿಗೆ ಮಾತ್ರ ಕೇಳಿಸಿತು.

ಹುಣಸೂರಿನ ಡಾಕ್ಟರು ನಾಡಿ ನೋಡಿದರು, ಎದೆಗೆ ಕೊಳವೆ ಇಟ್ಟು ಕೇಳಿದರು, ಕೊನೆಗೆ ಕೈ ಮೂಸಿ ನೋಡಿದರು.

"ಇವತ್ತು ಏನು ಕೆಲಸ ಮಾಡಿದ್ರಿ?"

ಚನ್ನಬಸವಣ್ಣ ಉತ್ತರದ ಬದಲು ಎಡಜೇಬಿನಿಂದ ಪೇಪರು ತೆಗೆದು ಕೊಟ್ಟ. "ಇದು ಕೆಲಸದ್ದಲ್ಲ ಡಾಕ್ಟ್ರೇ. ಗಂಡು ನೋಡಿದಾಗೆಲ್ಲ ದೇಹ ಸೂಚನೆ ಕೊಡ್ತದೆ. ಓದಿ."

ಡಾಕ್ಟರು ಓದಿ, ತಿರುಗಿಸಿ ನೋಡಿದರು. "ಆದರೆ?"

"ಆದರೆ ಇಲ್ಲ ಡಾಕ್ಟ್ರೇ. ಹರ್ದೋಗದೆ."

"ನಾನು ಹೇಳ್ತೀನಿ ಕೇಳಿ. ಹಸಿ ಹೊಗೆಸೊಪ್ಪಲ್ಲಿರೋ ವಿಷ ಒದ್ದೆ ಮೈಯಲ್ಲಿ ಚರ್ಮದಿಂದಲೇ ಒಳಗೆ ಇಳೀತದೆ. ಎದೆ ಹೊಡ್ಕೊಳ್ಳೋದು, ಬೆವರು, ವಾಂತಿ, ಎಲ್ಲ ಅದರದ್ದೇ. ಎದೆ ಸುಳ್ಳು ಹೇಳ್ಲಿಲ್ಲ. ಆದರೆ ಎದೆ ತಮಟೆ ಇದ್ದಂಗೆ. ಹಬ್ಬಕ್ಕೂ ಅದೇ ತಮಟೆ, ಹೆಣಕ್ಕೂ ಅದೇ ತಮಟೆ. ಸದ್ದು ಕೇಳ್ತಿದ್ದಂಗೆ ಬೀದಿಗೆ ಬಂದು ಏನು ಹೋಗ್ತಾ ಇದೆ ಅಂತ ನೋಡ್ಬೇಕಾದೋರು ನೀವು. ಹತ್ತು ದಿವಸ ಸೊಪ್ಪು ಮುಟ್ಟಕೂಡದು."

ಪೇಪರಿನ ಮಿಕ್ಕ ಅರ್ಧ ಹೀಗೆ ಸಿಕ್ಕಿತು. ಹೊರಗೆ ಬೆಂಚಿನ ಮೇಲೆ ಎಲ್ಲರೂ ನಿಟ್ಟುಸಿರು ಬಿಟ್ಟರು. ಹುಡುಗನ ತಾಯಿ, "ಸದ್ಯ, ಸೊಪ್ಪು ಕಣಪ್ಪ, ನೀನಲ್ಲ" ಎಂದು ಮಗನ ನೆಟಿಗೆ ತೆಗೆದಳು. ಬರುವ ಸೋಮವಾರ ಬಿಟ್ಟು ಅದರ ಮುಂದಿನ ಸೋಮವಾರ ಉತ್ತರ ತಿಳಿಸುವುದೆಂದು ಮಹದೇವಪ್ಪ ಮಾತು ಕೊಟ್ಟ. ನಗದೆ ಇದ್ದವಳು ಸುನಂದಮ್ಮ ಒಬ್ಬಳೇ. ಆಕೆ ಡಾಕ್ಟರ ಮಾತನ್ನು ಬಾಗಿಲ ಪರದೆಯ ಹಿಂದೆ ನಿಂತು ಪೂರ್ತಿ ಕೇಳಿದ್ದಳು.

ಮಾರನೆಯ ಬೆಳಿಗ್ಗೆ ರೊಟ್ಟಿಯ ತಟ್ಟೆ ಚನ್ನಬಸವಣ್ಣನ ಮುಂದೆ ಬೇಕಾದ್ದಕ್ಕಿಂತ ಜೋರಾಗಿ ಬಂದು ಕೂತಿತು.

"ಅವತ್ತು ನನ್ನ ನೋಡಕ್ಕೆ ಬಂದಾಗ ಶ್ರಾವಣ ಅಲ್ವಾ?"

"ಊಂ. ಎದೆ ಡವಡವ..."

"ಬೆಳಿಗ್ಗೆ ಬೇಗ ಬಂದುಬುಟ್ಟಿದ್ರಿ. ನಮ್ಮಪ್ಪ ಹೊಲ್ದಲ್ಲಿ ಸೊಪ್ಪು ಮುರೀತಿದ್ದ. ಸೀಮೆಗೇ ಹೊಸ ಬೆಳೆ. ನೀವು ದೊಡ್ಡಸ್ತಿಕೆ ತೋರ್ಸಕ್ಕೆ ಹೊಲಕ್ಕಿಳಿದು ಎರಡು ಗಂಟೆ ಮುರುದ್ರಿ. ಸೋನೆ ಮಳೆ ಬೇರೆ."

ಚನ್ನಬಸವಣ್ಣನ ಕೈಯಲ್ಲಿದ್ದ ರೊಟ್ಟಿ ಚೂರು ಬಾಯಿಯ ದಾರಿಯಲ್ಲಿ ನಿಂತಿತು.

"ಹಂಗಾರೆ ನನ್ನ ಒಪ್ಪಿದ್ದು ನೀವಲ್ಲ" ಎಂದಳು ಸುನಂದಮ್ಮ. "ವರ್ಜೀನಿಯಾ."

"ಹಂಗಲ್ಲ ಕಣೆ..."

"ಅವತ್ತು ಹೊಡ್ಕಂಡ್ರೆ 'ಇವ್ಳೇ' ಅಂತ. ಇವತ್ತು ಹೊಡ್ಕಂಡ್ರೆ 'ಇವನಲ್ಲ' ಅಂತ. ಅದೇ ಎದೆ, ಅದೇ ಸೊಪ್ಪು. ಇಪ್ಪತ್ತಾರು ವರ್ಷದಿಂದ ಮದುವೆ ಮನೆ ತುಂಬ ಯೋಳ್ಕಂಡು ಬಂದ್ರಲ್ಲ, ಅದೆಲ್ಲ ಸೊಪ್ಪಿನ ಕಥೆ. ನಾನು ಬಾಗ್ಲಲ್ಲಿ ನಿಂತಿದ್ದೆ ಅಷ್ಟೆ. ಎಮ್ಮೆ ನಿಂತಿದ್ರೂ ಹೊಡ್ಕತಿತ್ತು."

ಅಂದಿನಿಂದ ಆ ಮನೆಯಲ್ಲಿ ಊಟ, ಕಾಫಿ, ಸ್ನಾನದ ನೀರು ಎಲ್ಲವೂ ಹೊತ್ತಿಗೆ ಸರಿಯಾಗಿ ಬಂದವು, ಮಾತು ಬರಲಿಲ್ಲ. ಸೊಪ್ಪು ಮುಟ್ಟದ ಎದೆ ಕೆರೆಯಂತೆ ತಣ್ಣಗಾಗಿ ಕೂತಿತು. ಜಗುಲಿಗೆ ಬಂದವರನ್ನು ಚಿಕ್ಕಬಸಪ್ಪನೇ, "ಎದೆಗೆ ರಜ, ಡಾಕ್ಟ್ರ ಆರ್ಡರು" ಎಂದು ತಿರುಗಿಸಿ ಕಳಿಸಿದ. ಚಿಕ್ಕಬೀರಮ್ಮ ಹೊಲಕ್ಕೆ ಹೋಗುವಾಗ ಒಂದು ಸಲ ಇಣುಕಿ, "ಒಸಬ ಎಂಗವ್ನೆ?" ಎಂದು ವಿಚಾರಿಸಿಕೊಂಡು ಹೋದಳು. ರೂಪಶ್ರೀ ದಿನಾ ಎಂಟೂಕಾಲರ ಬಸ್ಸಿಗೆ ಹೊರಟು ಬಾಗಿಲಲ್ಲಿ ತಿರುಗಿ ಅಪ್ಪನನ್ನು ನೋಡುತ್ತಿದ್ದಳು. ಅಪ್ಪ ಎದೆಯ ಮೇಲೆ ಕೈಯಿಟ್ಟು, ತಲೆಯಾಡಿಸುತ್ತಿದ್ದ. ಒಳಗಿನಿಂದ ಸುದ್ದಿಯೇ ಇಲ್ಲ.

ಭಾನುವಾರ ಸಂಜೆ ಬಂತು. ಸುನಂದಮ್ಮ ನಡುಮನೆಯಲ್ಲಿ ಮೊರ ಇಟ್ಟುಕೊಂಡು ಅಕ್ಕಿ ಆರಿಸುತ್ತಿದ್ದಳು. ಚನ್ನಬಸವಣ್ಣ ಬಂದು ಸ್ವಲ್ಪ ದೂರದಲ್ಲಿ ಕೂತ. ಸ್ವಲ್ಪ ಹತ್ತಿರ ಸರಿದ.

"ಸುನಂದಾ. ನಾಳೆ ಅವರಿಗೆ ಏನಾರ ಯೋಳ್ಬೇಕಲ್ಲ."

"ಎದೇನೇ ಕೇಳಿ."

"ಅದು ಹತ್ತು ದಿನದಿಂದ ತುಟಿ ಬಿಚ್ಚಿಲ್ಲ ಕಣೆ."

ಮೊರದಿಂದ ಎರಡು ಕಲ್ಲು ಹೊರಬಿದ್ದವು.

"ಅದಿರ್ಲಿ" ಎಂದ ಚನ್ನಬಸವಣ್ಣ. "ನಂದು ಸೊಪ್ಪು. ಒಪ್ಕತೀನಿ. ನೀನ್ಯಾಕೆ ನನ್ನ ಒಪ್ಪಿದೆ?"

ಇಪ್ಪತ್ತಾರು ವರ್ಷದ ಮದುವೆ ಊಟಗಳಲ್ಲಿ ಈ ಪ್ರಶ್ನೆ ಯಾರಿಗೂ ಹೊಳೆದಿರಲಿಲ್ಲ. ಸುನಂದಮ್ಮ ಮೊರ ಕೆಳಗಿಟ್ಟಳು.

"ಅವತ್ತು ಕೈ ತೊಳೀತೀನಿ ಅಂತ ಹಿತ್ಲಿಗೆ ಓದ್ರಿ."

"ಊಂ..."

"ಅಡುಗೆಮನೆ ಕಿಟಕೀಲಿ ನಾನಿದ್ದೆ. ಹುಲ್ಲುಮೆದೆ ಹಿಂದೆ ಕೂತ್ಕಂಡು ಎರಡ್ ಸಲ ಕಕ್ಕುದ್ರಿ."

ಚನ್ನಬಸವಣ್ಣನ ಕಿವಿ ಕೆಂಪಾಯಿತು. ಕಥೆಯ ಈ ಭಾಗವನ್ನು ಅವನು ಯಾವ ಮದುವೆಯಲ್ಲೂ ಹೇಳಿರಲಿಲ್ಲ.

"ಮುಖ ತೊಳ್ಕಂಡು ಒಳೀಕೆ ಬಂದ್ರಿ. ನಮ್ಮವ್ವ 'ಇನ್ನೊಂದು ಚೂರು' ಅಂತ ಮತ್ತೆ ತಟ್ಟೆ ತುಂಬ ಉಪ್ಪಿಟ್ಟು ಹಾಕುದ್ಲು. ನಾಲ್ಕು ಗಂಟೆಗೆ ಎದ್ದು ಮಾಡಿದ್ಲು ಪಾಪ, ಅವ್ಳ ಕಣ್ಣು ನಿಮ್ಮ ಮ್ಯಾಲೇ ಇತ್ತು. ನೀವು ಬ್ಯಾಡ ಅನ್ಲಿಲ್ಲ. ಕಣ್ಣಲ್ಲಿ ನೀರು ಬತ್ತಿತ್ತು, ತಿಂತಾ ಇದ್ರಿ. ತಟ್ಟೆ ಬಳಿದು 'ಚೆನ್ನಾಗದೆ ಅತ್ತೆ' ಅಂದ್ರಿ." ಸುನಂದಮ್ಮ ಸೆರಗಿನಿಂದ ಮೂಗು ಒರೆಸಿಕೊಂಡಳು. "ನಂಗೆ ಅಷ್ಟು ಸಾಕಾಯ್ತು. ಡವಡವ ಏನೂ ಇರ್ಲಿಲ್ಲ. ನಗು ಬತ್ತಿತ್ತು."

ಚನ್ನಬಸವಣ್ಣ ಮೊರವನ್ನು ತನ್ನತ್ತ ಎಳೆದುಕೊಂಡ. ಅಕ್ಕಿಯಲ್ಲಿ ಕಲ್ಲು ಉಳಿದಿರಲಿಲ್ಲ. ಆದರೂ ಆರಿಸಿದ.

"ಆ ಕಂಡಕ್ಟ್ರು" ಎಂದ ಕೊನೆಗೆ, "ಪ್ಯಾಂಟು ತೊಳುದ್ರೆ ಓಯ್ತದೆ ಅಂದ."

"ಊಂ."

"ಹೊಸ ಪ್ಯಾಂಟು."

"ಊಂ."

"ನನ್ನ ಹಣೆ ಬುಡ್ಲಿಲ್ಲ ಕಣೆ ಅವ್ನು. ಹುಣಸೂರು ಗಂಟ." ಚನ್ನಬಸವಣ್ಣ ಮೊರವನ್ನು ಪಕ್ಕಕ್ಕೆ ಸರಿಸಿದ. "ನಿಮ್ಮಣ್ಣಂಗೆ ಯೋಳು. ಹೂಂ ಅಂತ."

"ಯಾರಂದಿದ್ದು? ಎದೆನಾ?"

"ನಾನೇ."

ಅಡುಗೆಮನೆಯಲ್ಲಿ ಪಾತ್ರೆಯೊಂದು ಬಿದ್ದು ಬಹಳ ದೂರ ಉರುಳಿತು. ಅಲ್ಲಿ ಯಾರೋ ಬಹಳ ಹೊತ್ತಿನಿಂದ ಉಸಿರು ಹಿಡಿದು ನಿಂತಿದ್ದಿರಬೇಕು. ಗಂಡ ಹೆಂಡಿರಿಬ್ಬರೂ ಅದು ಬೆಕ್ಕೆಂದು ತಿಳಿದವರಂತೆ ಕೂತರು.

ಸುನಂದಮ್ಮ ನಕ್ಕಳು. ಹತ್ತು ದಿನದ ಮೇಲೆ ಮೊದಲ ನಗು. ಚನ್ನಬಸವಣ್ಣ ಇದ್ದಕ್ಕಿದ್ದಂತೆ ಎರಡೂ ಅಂಗೈಯನ್ನು ಮೂಗಿನ ಹತ್ತಿರ ಹಿಡಿದು ಮೂಸಿದ. ಸೋಪಿನ ವಾಸನೆ ಬಿಟ್ಟು ಬೇರೇನೂ ಇರಲಿಲ್ಲ.

"ಸುನಂದಾ, ಸೊಪ್ಪು ಮುಟ್ಟಿ ಹತ್ತು ದಿವಸ ಆಯ್ತು."

"ಅದಕ್ಕೇನೀಗ?"

"ಡವಡವ ಅಂತಾ ಅದೆ ಕಣೆ."

ಸುನಂದಮ್ಮ ಹತ್ತಿರ ಬಂದು, ಅವನು ಎತ್ತಿನ ಮುಂದೆ ನಿಲ್ಲುತ್ತಿದ್ದ ಹಾಗೆಯೇ ಕಣ್ಣು ಮುಚ್ಚಿ, ತನ್ನ ಬಲಗೈಯನ್ನು ಅವನ ಎದೆಯ ಮೇಲಿಟ್ಟಳು. ಸಾವಕಾಶವಾಗಿ ಕೇಳಿಸಿಕೊಂಡಳು.

"ಏನಂತದೆ?" ಎಂದ ಚನ್ನಬಸವಣ್ಣ. "ಹಬ್ಬದ್ದಾ, ಹೆಣದ್ದಾ?"

"ಉಪ್ಪಿಟ್ಟು ಮಾಡ್ತೀನಿ, ತಿನ್ನಿ" ಎಂದು ಸುನಂದಮ್ಮ ಮೇಲೆದ್ದಳು. "ಹೊಟ್ಟೇಲಿ ನಿಂತ್ರೆ ಹಬ್ಬದ್ದು."